ನೋಯದ ಕಾಲಿನ ಮಳೆಗಾಲ

ಹೋದ ತಿಂಗಳು ಅಮ್ಮನ ಹೆಗಲು ಹಿಡಿದುಕೊಂಡಿತ್ತು. ಕೈ ಎತ್ತಿ ತಲೆ ಬಾಚಿಕೊಳ್ಳಲಿಕ್ಕೂ ಆಗುತ್ತಿರಲಿಲ್ಲ. ಕಂಕನಾಡಿಯ ಆಸ್ಪತ್ರೆಯ ಫಿಸಿಯೋಥೆರಪಿ ವಿಭಾಗಕ್ಕೆ ನಾನೇ ಕರೆದುಕೊಂಡು ಹೋದೆ. ಬಾಗಿಲು ತೆಗೆದದ್ದೇ ತಡ, ಕರಗಿದ ಮೇಣದ ವಾಸನೆ ಬಂತು. ಅಲ್ಲಿ ಒಂದು ಸ್ಟೀಲ್ ತೊಟ್ಟಿಯಲ್ಲಿ ಬಿಸಿ ಮೇಣ ಇಟ್ಟಿರುತ್ತಾರೆ. ಗಂಟು ನೋವಿನವರು ಕೈಯನ್ನೋ ಕಾಲನ್ನೋ ಅದ್ದಿ ತೆಗೆಯುತ್ತಾರೆ. ಆ ವಾಸನೆ ನನಗೆ ಗೊತ್ತಿದ್ದದ್ದೇ. ಆರು ವರ್ಷದ ಹಿಂದಿನ ಮಳೆಗಾಲದಲ್ಲಿ ವಾರಕ್ಕೆ ಮೂರು ದಿನ ನಾನು ಆ ತೊಟ್ಟಿಯೊಳಗೆ ಬಲಗಾಲು ಅದ್ದಿ ಕೂತಿದ್ದೆ. ಕಾಲಿಗೆ ಏನೂ ಆಗಿರಲಿಲ್ಲ. ಅದು ನನಗೊಬ್ಬಳಿಗೇ ಗೊತ್ತಿತ್ತು.

ಅಮ್ಮ ತೊಟ್ಟಿಯನ್ನು ನೋಡಿದಳು, ನನ್ನನ್ನು ನೋಡಿದಳು, ಹೆಗಲು ನೋಯುತ್ತಿದ್ದರೂ ನಕ್ಕಳು. ಈಗ ನಗಲಿಕ್ಕೆ ಆಗುತ್ತದೆ.

ನಾನು ಜಿಮ್ನಾಸ್ಟ್ ಆದದ್ದು ಲವೀನಾ ಟೀಚರಿಂದ. ಅವರು ನಮ್ಮ ಶಾಲೆಯಲ್ಲಿ ಆಟದ ಟೀಚರು. ಎರಡನೇ ಕ್ಲಾಸಿನಲ್ಲಿ ನಾನು ಕಾರಿಡಾರಿನ ಈ ತುದಿಯಿಂದ ಆ ತುದಿಯವರೆಗೆ ಕೈಯೂರಿ ಲಾಗ ಹಾಕುತ್ತಾ ಹೋದದ್ದನ್ನು ನೋಡಿ ನನ್ನ ಕಿವಿ ಹಿಡಿದು ನಿಲ್ಲಿಸಿದರು. ಶಿಕ್ಷೆ ಉಂಟು ಅಂತ ಅಂದುಕೊಂಡೆ. ಸಂಜೆ ದೇರೆಬೈಲಿನ ನಮ್ಮ ಮನೆಗೇ ಬಂದು, "ಈ ಹುಡುಗಿ ನೆಲದ ಮೇಲೆ ನಿಲ್ಲುವುದಿಲ್ಲ ಮಾರ್ರೆ, ದಿನಕ್ಕೆ ಎರಡು ಗಂಟೆ ಇವಳನ್ನು ನನಗೆ ಕೊಡಿ" ಅಂತ ಪಪ್ಪನ ಹತ್ತಿರ ಕೇಳಿದರು. ಪಪ್ಪ ಪಣಂಬೂರಿನ ಬಂದರಿನಲ್ಲಿ ಕ್ರೇನ್ ನಡೆಸುತ್ತಿದ್ದರು. ಜಿಮ್ನಾಸ್ಟಿಕ್ಸ್ ಅಂದರೆ ಎಂತ ಅಂತ ಅವರಿಗೂ ಗೊತ್ತಿರಲಿಲ್ಲ, ಅಮ್ಮನಿಗೂ ಗೊತ್ತಿರಲಿಲ್ಲ. ಟೀಚರಿನ ಮುಖ ನೋಡಿ ಒಪ್ಪಿಕೊಂಡರು.

ಶಾಲೆಯ ಹಾಲಿನಲ್ಲಿ ನಾಲ್ಕು ತೆಂಗಿನ ನಾರಿನ ಹಾಸಿಗೆ, ಮೇಲೆ ನಡೆದು ಲಾಗ ಹಾಕಲಿಕ್ಕೆ ಬಡಗಿಯಿಂದ ಮಾಡಿಸಿದ ಒಂದು ಸಪೂರ ಮರದ ಬೀಮ್, ಒಂದು ಹಳೆಯ ಸ್ಪ್ರಿಂಗ್ ಬೋರ್ಡ್. ಅಷ್ಟರಲ್ಲೇ ಐದು ವರ್ಷ ಕಲಿತೆ. ಹನ್ನೆರಡಕ್ಕೆ ದಿಲ್ಲಿಯ ಕಡೆ ಒಂದು ಕ್ರೀಡಾ ಹಾಸ್ಟೆಲಿಗೆ ಹೋದೆ. ಹದಿನಾರಕ್ಕೆ ಮೊದಲ ಸಲ ಭಾರತದ ಹೆಸರು ಬರೆದ ಜಾಕೆಟ್ ಹಾಕಿಕೊಂಡು ಬ್ಯಾಂಕಾಕಿಗೆ. ಮರು ವರ್ಷ ಇನ್ನೆರಡು ದೇಶ. ಪಪ್ಪನ ಬಂದರಿನಲ್ಲಿ ನನ್ನ ಫೋಟೋ ನೋಡದವರು ಯಾರೂ ಇರಲಿಲ್ಲ.

ನನಗೆ ಪಾಯಿಂಟ್ ತಂದುಕೊಡುತ್ತಿದ್ದದ್ದು ಒಂದು ವಾಲ್ಟ್. ಅದಕ್ಕೆ ಇಪ್ಪತ್ತೈದು ಮೀಟರ್ ಓಡಬೇಕು, ಸ್ಪ್ರಿಂಗ್ ಬೋರ್ಡಿನ ಎದುರು ಕೈಯೂರಿ ಮಗುಚಬೇಕು, ಬೋರ್ಡಿನ ಮೇಲೆ ಕಾಲು ಬೀಳುವಾಗ ವಾಲ್ಟಿನ ಮೇಜಿಗೆ ನಮ್ಮ ಬೆನ್ನು. ಹಾಗೇ ಹಿಂದಕ್ಕೆ ಹಾರಿ, ಕಾಣದ ಮೇಜಿಗೆ ಕೈಯೂರಿ, ಗಾಳಿಯಲ್ಲಿ ಒಂದೂವರೆ ಸುತ್ತು ತಿರುಗಿ ಇಳಿಯಬೇಕು. ನೋಡದೆ ಹೋಗುವ ವಾಲ್ಟ್ ಅದು. ನನಗೆ ಹದಿನೆಂಟು ತುಂಬಿದ ಆ ವರ್ಷ, ಸೆಪ್ಟೆಂಬರಿನಲ್ಲಿ ತಾಷ್ಕೆಂಟಿನಲ್ಲಿ ಒಂದು ದೊಡ್ಡ ಸ್ಪರ್ಧೆ ಇತ್ತು. ಆಗಸ್ಟಿನಲ್ಲಿ ಅದಕ್ಕೆ ತಂಡದ ಆಯ್ಕೆ.

ಮೇ ತಿಂಗಳ ಒಂದು ಬೆಳಿಗ್ಗೆ ಅಭ್ಯಾಸದಲ್ಲಿ ಅದೇ ವಾಲ್ಟ್ ಮಾಡಿದೆ. ಮೇಜಿನಿಂದ ಕೈ ಬಿಟ್ಟ ಮೇಲೆ, ಗಾಳಿಯಲ್ಲಿ, ನನಗೆ ದಿಕ್ಕು ತಪ್ಪಿತು. ಮೇಲೆ ಯಾವುದು, ಕೆಳಗೆ ಯಾವುದು, ಎಷ್ಟು ತಿರುಗಿದೆ, ಎಂತದೂ ಗೊತ್ತಾಗಲಿಲ್ಲ. ಕಣ್ಣು ತೆರೆದೇ ಇತ್ತು, ಆದರೆ ಕಂಡದ್ದೆಲ್ಲ ಬರೀ ಬಿಳಿ. ಕುತ್ತಿಗೆ ಮೊದಲು ನೆಲಕ್ಕೆ ಬಡಿಯುತ್ತದೆ ಅಂತ ಅನಿಸಿತು. ಮರುಕ್ಷಣ ನೋಡಿದರೆ ಎರಡೂ ಕಾಲಿನ ಮೇಲೆ ನಿಂತಿದ್ದೇನೆ.

"ಶಾಬಾಶ್!" ಅಂತ ಹಾಸ್ಟೆಲಿನ ಕೋಚ್ ಸರ್ ಚಪ್ಪಾಳೆ ತಟ್ಟಿದರು. "ಹೀಗೇ ಇನ್ನೊಂದು."

ನಾನು ಓಟ ಶುರುವಾಗುವ ಗೆರೆಗೆ ಹಿಂದಿರುಗಿ ನಡೆದೆ. ನಿಂತೆ. ಮೇಜು ಎದುರಿಗೆ ಕಾಣುತ್ತಿತ್ತು. ಕಾಲು ಏಳಲಿಲ್ಲ. ಹುಡುಗಿಯರೆಲ್ಲ ನನ್ನನ್ನೇ ನೋಡುತ್ತಿದ್ದರು. ಬೀಳದೆ, ತಾಗದೆ, ಸರಿಯಾಗಿ ಇಳಿದ ಮೇಲೆ ಭಯ ಆಯಿತು ಅಂತ ಹೇಳುವುದು ಹೇಗೆ? ಸರ್ ಹತ್ತಿರ ಬಂದು "ಏನಾಯ್ತು?" ಅಂದರು.

"ಕಾಲು ನೋಯ್ತಿದೆ ಸರ್," ಅಂದೆ.

ಅಷ್ಟೇ. ಅಷ್ಟು ಸುಲಭವಾಗಿ ಆಗಿಹೋಯಿತು. ಐಸ್ ಬಂತು, ಬ್ಯಾಂಡೇಜ್ ಬಂತು. ಮರುದಿನ ವಾಲ್ಟ್ ಇಲ್ಲ. ಹಾಯೆನಿಸಿತು. ವಾರ ಕಳೆದರೂ ನನ್ನ ನೋವು ಹೋಗದಿರುವುದನ್ನು ನೋಡಿ ಸರ್, "ಮನೆಗೆ ಹೋಗಿ ಏಳೆಂಟು ವಾರ ರೆಸ್ಟ್ ಮಾಡು, ಚಿಕಿತ್ಸೆ ಮಾಡಿಸು, ಜುಲೈ ಕೊನೆಗೆ ಬಾ" ಅಂತ ಕಳಿಸಿಕೊಟ್ಟರು.

ಜೂನಿನ ಮೊದಲ ವಾರ ಮಂಗಳೂರಿನಲ್ಲಿ ರೈಲು ಇಳಿದಾಗ ಮಳೆ ಆಗಲೇ ಹಿಡಿದಿತ್ತು. ಪ್ಲಾಟ್‌ಫಾರ್ಮಿನಲ್ಲಿ ಪಪ್ಪ ಒಂದು ವೀಲ್‌ಚೇರ್ ಹಿಡಿದುಕೊಂಡು ನಿಂತಿದ್ದರು. ಸ್ಟೇಷನ್ನಿನವರ ಹತ್ತಿರ ಕೇಳಿ ತಂದದ್ದು.

"ಇದೆಲ್ಲ ಬೇಡ ಪಪ್ಪ, ನಡೀತೇನೆ."

"ಸುಮ್ಮನೆ ಕೂತುಕೋ ಮಗಾ. ನೆಲ ಒದ್ದೆ ಉಂಟು."

ಕೂತೆ. ಪಪ್ಪ ದೂಡಿಕೊಂಡು ಹೋದರು. ಜನ ದಾರಿ ಬಿಟ್ಟುಕೊಟ್ಟರು. ಅಲ್ಲಿಯವರೆಗೆ ಆ ನೋವು ಸರ್ ಹತ್ತಿರ ಹೇಳಿದ ಒಂದು ಮಾತು ಮಾತ್ರ ಆಗಿತ್ತು. ಆ ಕುರ್ಚಿಯಲ್ಲಿ ಕೂತ ಮೇಲೆ ಅದರಿಂದ ಇಳಿಯಲಿಕ್ಕೆ ದಾರಿ ಇಲ್ಲದ ಹಾಗಾಯಿತು.

ಮನೆಯಲ್ಲಿ ಎಲ್ಲರೂ ನನ್ನ ಕಾಲಿನ ಸುತ್ತ ಇದ್ದರು. ಅಮ್ಮ ಕೆಲಸ ಮಾಡುತ್ತಿದ್ದ ಸೊಸೈಟಿಗೆ ರಜೆ ಹಾಕಿದಳು. ಬೆಳಿಗ್ಗೆ ಎಣ್ಣೆ ಕಾಯಿಸಿ ಉಜ್ಜುವುದು, ಸಂಜೆ ಉಪ್ಪಿನ ಗಂಟಿನ ಶಾಖ. ಬಟ್ಟೆ ಒಣಗದ ಆ ದಿನಗಳಲ್ಲಿ ನನ್ನ ಕಾಲಿಗೆ ಸುತ್ತುವ ಬಟ್ಟೆಯನ್ನು ಇಸ್ತ್ರಿ ಹಾಕಿ ಒಣಗಿಸುತ್ತಿದ್ದಳು. ಒಂದು ದಿನ ಮಧ್ಯಾಹ್ನ ಊಟಕ್ಕೆ ಕೂತಾಗ ಒಣ ಸಿಗಡಿ ಚಟ್ನಿಯನ್ನು ನನಗೂ ಪಪ್ಪನಿಗೂ ಬಡಿಸಿ, ತಾನು ಬರೀ ತಿಳಿಸಾರು ಹಾಕಿಕೊಂಡಳು.

"ನಿನಗೆ?"

"ನಾನು ಮೀನು ಬಿಟ್ಟಿದ್ದೇನೆ. ನಿನ್ನ ಕಾಲು ಗುಣ ಆಗುವವರೆಗೆ. ದೈವಕ್ಕೆ ಹೇಳಿಕೊಂಡಿದ್ದೇನೆ."

ನಮ್ಮಲ್ಲಿ ಮೀನಿಲ್ಲದೆ ಊಟ ಮಾಡುವುದು ಎಷ್ಟು ಕಷ್ಟ ಅಂತ ಘಟ್ಟದ ಮೇಲಿನವರಿಗೆ ಅರ್ಥ ಆಗಲಿಕ್ಕಿಲ್ಲ. ಅಮ್ಮನಿಗಂತೂ ಅದು ಅನ್ನ ಬಿಟ್ಟ ಹಾಗೆಯೇ. ಆ ದಿನ ನಾನು ಕೈಯಲ್ಲಿದ್ದ ತುತ್ತನ್ನು ಹಾಗೇ ಹಿಡಿದುಕೊಂಡು, ಈಗ ಹೇಳಿಬಿಡುವ ಅಂತ ಬಾಯಿ ತೆರೆದೆ. "ಎಂತ, ಖಾರ ಆಯ್ತಾ?" ಅಂತ ಅಮ್ಮ ನೀರು ಮುಂದಿಟ್ಟಳು. ಕುಡಿದೆ.

ಕಂಕನಾಡಿಯ ಆಸ್ಪತ್ರೆಯಲ್ಲಿ ನನ್ನನ್ನು ನೋಡುತ್ತಿದ್ದದ್ದು ರಮ್ಲಾ ಮೇಡಂ. ಆಗಷ್ಟೇ ಕೆಲಸಕ್ಕೆ ಸೇರಿದ ಫಿಸಿಯೋ. ತಲೆವಸ್ತ್ರದ ಮೇಲೆ ಕನ್ನಡಕ ಏರಿಸಿಕೊಂಡು ಬಗ್ಗಿ ಕೂತು, ಹೆಬ್ಬೆರಳಿನಿಂದ ಒಂದೊಂದೇ ಕಡೆ ಒತ್ತಿ, "ಇಲ್ಲಿ? ಇಲ್ಲಿ?" ಅಂತ ಕೇಳುತ್ತಿದ್ದರು. ನಾನು ಅಂದಾಜಿನಲ್ಲಿ "ಹಾಂ" ಅನ್ನುತ್ತಿದ್ದೆ. ಮೂರನೇ ವಾರ ಅವರು ಒತ್ತುವುದನ್ನು ನಿಲ್ಲಿಸಿ ನನ್ನ ಮುಖ ನೋಡಿದರು.

"ಸೋಮವಾರ ಹೊರಗಿನ ಬದಿ ನೋವು ಅಂದೆ. ಇವತ್ತು ಒಳಗಿನ ಬದಿ. ಎಕ್ಸ್-ರೇ ನಾರ್ಮಲ್, ಎಂಆರ್‌ಐ ನಾರ್ಮಲ್. ನನ್ನ ಹತ್ತಿರ ಎಂತಾದ್ರೂ ಹೇಳ್ಲಿಕ್ಕೆ ಉಂಟಾ ನಿನಗೆ?"

"ಇಲ್ಲ ಮೇಡಂ."

ಅವರು ಒತ್ತಾಯ ಮಾಡಲಿಲ್ಲ. ಹೊರಗೆ ಹೋಗಿ ಪಪ್ಪನ ಹತ್ತಿರ, "ನನ್ನ ಚಿಕಿತ್ಸೆಯಿಂದ ಬದಲಾವಣೆ ಕಾಣ್ತಾ ಇಲ್ಲ. ಬೇರೆಯವರ ಅಭಿಪ್ರಾಯವೂ ತೆಗೆದುಕೊಂಡರೆ ಒಳ್ಳೆಯದು" ಅಂದರು. ಅವರು ಹೇಳಬಹುದಾದದ್ದನ್ನೇ ಹೇಳಿದರು. ಆದರೆ ಪಪ್ಪನಿಗೆ ಅದು ಬೇರೆಯೇ ಆಗಿ ಕೇಳಿತು.

ಆ ದಿನದಿಂದ ಮನೆ ಬದಲಾಯಿತು. ಪಪ್ಪ ಬಂದರಿನಿಂದ ಬಂದು ಟಿವಿ ಹಾಕುತ್ತಿರಲಿಲ್ಲ. ಅಮ್ಮ ಅಡುಗೆಮನೆಯಲ್ಲಿ ಫೋನಿನಲ್ಲಿ ತಗ್ಗಿದ ದನಿಯಲ್ಲಿ ಮಾತಾಡುತ್ತಿದ್ದಳು; ನಾನು ಹೋದರೆ ಮಾತು ಹವಾಮಾನಕ್ಕೆ ತಿರುಗುತ್ತಿತ್ತು. ಪಕ್ಕದ ಮನೆಯ ಮಾಮಿ ಬಂದವರು ನನ್ನ ತಲೆ ಸವರಿ ಕಣ್ಣು ಒರೆಸಿಕೊಂಡು ಹೋದರು. ನನಗೆ ಆಯ್ಕೆಯದ್ದೇ ಚಿಂತೆ. ಇವರಿಗೂ ಅದೇ ಇರಬೇಕು ಅಂದುಕೊಂಡೆ.

ಜುಲೈ ಮೊದಲ ವಾರ. ಬೆಳಿಗ್ಗೆ ಪಪ್ಪ ಮದುವೆಗೆ ಹಾಕುವ ನೀಲಿ ಅಂಗಿ ಹಾಕಿಕೊಂಡು, "ಬಾ ಮಗಾ, ಇನ್ನೊಬ್ಬ ಡಾಕ್ಟ್ರಿಗೆ ಒಮ್ಮೆ ತೋರಿಸಿ ಬರುವ" ಅಂದರು. ಕಂಕನಾಡಿಗೇ ಹೋದೆವು, ಆದರೆ ಬೇರೆ ಆಸ್ಪತ್ರೆ. ಮೂರನೇ ಮಹಡಿ. ಬೆಂಚಿನ ಮೇಲೆ ಕೂತೆವು. ಹೊರಗೆ ಮಳೆ ಸುರಿಯುತ್ತಿತ್ತು. ಜನರ ಕೊಡೆಗಳಿಂದ ಇಳಿದ ನೀರನ್ನು ಒಬ್ಬಳು ಒರೆಸುತ್ತಲೇ ಇದ್ದಳು. ನನ್ನ ಎದುರಿಗೆ ತಲೆಗೆ ಸ್ಕಾರ್ಫ್ ಕಟ್ಟಿಕೊಂಡ ಒಬ್ಬ ಹೆಂಗಸು ಕೂತಿದ್ದಳು. ಅವಳಿಗೆ ಹುಬ್ಬು ಇರಲಿಲ್ಲ. ಆಗ ನಾನು ಬಾಗಿಲಿನ ಮೇಲಿನ ಬೋರ್ಡ್ ಓದಿದೆ. ಅದು ಕ್ಯಾನ್ಸರ್ ವಿಭಾಗ.

"ಪಪ್ಪ, ಇಲ್ಲಿಗೆ ಯಾಕೆ ಬಂದದ್ದು?"

"ಸುಮ್ಮನೆ. ಒಮ್ಮೆ ನೋಡಿ ಹೇಳ್ತಾರೆ ಅಷ್ಟೇ."

"ಯಾಕೆ ಪಪ್ಪ?"

ಅವರು ಎಂಆರ್‌ಐ ಕವರನ್ನು ತೊಡೆಯ ಮೇಲೆ ಎರಡೂ ಕೈಯಿಂದ ಒತ್ತಿ ಹಿಡಿದಿದ್ದರು. "ಪಕ್ಕದ ಮನೆ ಮಾಮಿಯ ತಂಗಿಯ ಮಗನಿಗೆ ಹೀಗೇ ಆದದ್ದಂತೆ. ಕಾಲು ನೋವು. ಎಕ್ಸ್-ರೇಯಲ್ಲಿ ಮೊದಲು ಎಂತದೂ ಕಾಣ್ಲಿಲ್ಲ. ಮತ್ತೆ ಮೂಳೆಯಲ್ಲಿ..." ಕವರನ್ನು ತಿರುಗಿಸಿ ಇಟ್ಟುಕೊಂಡರು. "ನಿನಗೆ ಹಾಗೆ ಎಂತ ಇಲ್ಲ. ಇಲ್ಲ ಅಂತ ಇವರು ಬಾಯಿ ಬಿಟ್ಟು ಹೇಳಿದರೆ ನಿನ್ನ ಅಮ್ಮ ನಿದ್ದೆ ಮಾಡ್ತಾಳೆ. ಹದಿನೈದು ದಿನ ಆಯ್ತು ಅವಳು ಸರಿ ಮಲಗದೆ."

ನನ್ನ ಜೀವಮಾನದಲ್ಲಿ ನಾನು ಮಾಡಿದ ಯಾವ ಹಾರಾಟವೂ ಆ ಬೆಂಚಿನ ಮೇಲೆ ಬಾಯಿ ತೆರೆದಷ್ಟು ಕಷ್ಟ ಆಗಿರಲಿಲ್ಲ.

"ಪಪ್ಪ, ಕಾಲು ನೋಯ್ತಾ ಇಲ್ಲ."

"ಇವತ್ತು ಕಡಿಮೆ ಉಂಟಾ?"

"ಅಲ್ಲ. ಒಂದು ದಿನವೂ ನೋಯ್ಲಿಲ್ಲ. ನಾನು ಸುಳ್ಳು ಹೇಳಿದ್ದು."

ಪಪ್ಪ ನನ್ನ ಕಡೆ ತಿರುಗಿದರು. ಅವರಿಗೆ ಅರ್ಥವಾಗಲಿಲ್ಲ. ನಾನು ಮೇ ತಿಂಗಳಿನಿಂದ ಹಿಡಿದು ಎಲ್ಲ ಹೇಳಿದೆ. ಗಾಳಿಯಲ್ಲಿ ದಿಕ್ಕು ತಪ್ಪಿದ್ದು, ಕಾಲು ಏಳದಿದ್ದದ್ದು, ಸರ್ ಕೇಳಿದಾಗ ಬಾಯಿಗೆ ಬಂದದ್ದು. ಹೇಳುತ್ತಾ ಹೇಳುತ್ತಾ ಅತ್ತೆ. ಎದುರಿನ ಹೆಂಗಸು ನಮ್ಮನ್ನು ನೋಡದ ಹಾಗೆ ಕಿಟಕಿಯ ಕಡೆ ಮುಖ ಮಾಡಿದಳು.

"ಹಾಗಾದರೆ ನೋವೇ ಇಲ್ಲ?" ಪಪ್ಪ ಕೇಳಿದರು.

"ಇಲ್ಲ."

"ಆಣೆ ಮಾಡಿ ಹೇಳು. ಒತ್ತಿದರೂ ಇಲ್ಲ? ನಡೆದರೂ ಇಲ್ಲ?"

ನಾನು ಎದ್ದು ಬಲಗಾಲೊಂದರ ಮೇಲೆಯೇ ಹತ್ತು ಸಲ ಕುಪ್ಪಳಿಸಿದೆ. ಕ್ಯಾನ್ಸರ್ ವಿಭಾಗದ ಬಾಗಿಲಿನ ಎದುರು. ನೆಲ ಒರೆಸುತ್ತಿದ್ದವಳು ಕೋಲು ಹಿಡಿದು ನಿಂತು ನೋಡಿದಳು. ಪಪ್ಪ ನನ್ನ ಕಾಲನ್ನೇ ನೋಡುತ್ತಾ ಕೂತಿದ್ದರು. ಆಮೇಲೆ ಎದ್ದು ಕೌಂಟರಿಗೆ ಹೋಗಿ, "ನಮ್ಮ ಟೋಕನ್ ಬೇರೆಯವರಿಗೆ ಕೊಡಿ" ಅಂದರು. "ಯಾಕೆ ಸರ್, ಮುಂದಿನ ನಂಬರ್ ನಿಮ್ಮದೇ ಅಲ್ವಾ?" ಅಂತ ಅಲ್ಲಿದ್ದವಳು ಕೇಳಿದಳು. "ನಮಗೆ ಬೇಡ ಅಮ್ಮ. ನಮಗೆ ಬೇಡವೇ ಬೇಡ," ಅಂದರು ಪಪ್ಪ. ನನಗೆ ಒಂದು ಬೈಗುಳವೂ ಬೀಳಲಿಲ್ಲ. ಕೊಡೆಯನ್ನು ಬೆಂಚಿನ ಕೆಳಗೇ ಮರೆತು, ನನ್ನ ಕೈ ಹಿಡಿದುಕೊಂಡು ಮೂರು ಮಹಡಿ ಇಳಿದು, ರಸ್ತೆಯಲ್ಲಿ ಮಳೆಗೆ ನೆನೆಯುತ್ತಾ ನಿಂತು, ಅಮ್ಮನಿಗೆ ಫೋನ್ ಮಾಡಿದರು.

ಅಮ್ಮ ಹಾಗಲ್ಲ. ಮನೆ ಮುಟ್ಟುವಾಗ ಬಾಗಿಲಲ್ಲಿ ನಿಂತಿದ್ದಳು. ನನ್ನನ್ನು ಗಟ್ಟಿಯಾಗಿ ತಬ್ಬಿಕೊಂಡಳು, ಆಮೇಲೆ ದೂರ ಮಾಡಿ ತೋಳಿಗೆ ಎರಡು ಬಿಟ್ಟಳು.

"ನಾನು ಸತ್ತುಹೋಗಿದ್ದೆ ಗೊತ್ತುಂಟಾ ನಿನಗೆ? ಒಂದು ಮಾತು ಹೇಳ್ಲಿಕ್ಕೆ ಎಂತ ಆಗಿತ್ತು? ನಾನು ನಿನ್ನನ್ನು ತಿಂದುಬಿಡ್ತಿದ್ದೆನಾ?"

ಒಳಗೆ ಹೋಗಿ, ಪಪ್ಪನನ್ನು ಅದೇ ಮಳೆಯಲ್ಲಿ ಮಾರ್ಕೆಟಿಗೆ ಅಟ್ಟಿದಳು. ಮಳೆಗಾಲಕ್ಕೆ ಮೀನು ಹಿಡಿಯುವ ಟ್ರಾಲ್ ಬೋಟುಗಳು ನಿಂತ ಕಾಲ, ಸಿಕ್ಕಿದ್ದು ಸಣ್ಣ ಸಣ್ಣ ನಾಲ್ಕು ಕಾಣೆ ಮೀನು. ನಾಲ್ಕನ್ನೂ ಎಣ್ಣೆಯಲ್ಲಿ ಕಾಯಿಸಿ ತಾನೊಬ್ಬಳೇ ತಿಂದಳು, ಸಿಟ್ಟಿನಲ್ಲಿ, ನನ್ನ ಎದುರೇ ಕೂತು. ಎರಡು ದಿನ ಮಾತಿಲ್ಲ. ಆದರೆ ಆ ಮಧ್ಯಾಹ್ನ ಮೀನು ತಿಂದವಳು ಚಾಪೆ ಹಾಕಿ ಮಲಗಿ ಸಂಜೆಯವರೆಗೆ ಏಳಲಿಲ್ಲ. ಗೊರಕೆ ಹೊಡೆಯುತ್ತಿದ್ದಳು. ಪಪ್ಪ ಬಾಗಿಲಲ್ಲಿ ನಿಂತು ಅದನ್ನು ಕೇಳುತ್ತಾ ನನ್ನ ಕಡೆ ನೋಡಿ ಬೆರಳು ಬಾಯಿಗಿಟ್ಟರು.

ಮೂರನೇ ದಿನ ಅಮ್ಮನೇ ಬೆಳಿಗ್ಗೆ ಬಂದು, "ಲವೀನಾ ಟೀಚರ್ ಹತ್ತಿರ ಹೋಗು. ಇದಕ್ಕೆ ಮದ್ದು ನಮ್ಮ ಹತ್ತಿರ ಇಲ್ಲ" ಅಂದಳು.

ಟೀಚರು ಶಾಲೆಯ ಹಾಲಿನ ಕಿಟಕಿಗಳನ್ನು ಮುಚ್ಚುತ್ತಿದ್ದರು, ಎರಚಲು ಬರುತ್ತಿತ್ತು. ನಾನು ಹೇಳಿದ್ದನ್ನೆಲ್ಲ ಕೇಳಿ, ಹಾಸಿಗೆಯ ಮೇಲೆ ನನ್ನ ಪಕ್ಕ ಕಾಲು ಚಾಚಿ ಕೂತರು.

"ಎಂತ ಮಾರಾಯ್ತಿ ನೀನು! ಕ್ಯಾನ್ಸರಿನ ಡಾಕ್ಟ್ರ ಬಾಗಿಲವರೆಗೆ ಹೋಗ್ಬೇಕಾಯ್ತಾ ಭಯ ಆಗ್ತದೆ ಅಂತ ಹೇಳ್ಲಿಕ್ಕೆ?"

"ಎಲ್ಲರೂ ನಾನು ಧೈರ್ಯದವಳು ಅಂತ ಹೇಳ್ತಾರಲ್ಲ ಟೀಚರ್."

"ಯಾರು ಹೇಳಿದ್ದು? ನಾನು ಒಂದು ದಿನವಾದರೂ ಹೇಳಿದ್ದೇನಾ? ನೀನು ಆಟದಲ್ಲಿ ಹುಷಾರು ಅಂತ ಹೇಳಿದ್ದೇನೆ. ಅದು ಬೇರೆ, ಇದು ಬೇರೆ."

ಮರುದಿನದಿಂದ ಶುರು. ಮೊದಲ ನಾಲ್ಕು ದಿನ ಬರೀ ಓಟ. ಬೋರ್ಡಿನವರೆಗೆ ಓಡಿ ನಿಲ್ಲಬೇಕು, ಹಾರಲಿಕ್ಕಿಲ್ಲ. ಐದನೇ ದಿನ ಬೋರ್ಡಿನಿಂದ ಹಾಸಿಗೆಯ ಅಟ್ಟಿಯ ಮೇಲೆ. ಮತ್ತೆ ಕೈಯೂರಿ, ಎದುರಿಗೆ ನೋಡುತ್ತಾ, ಮುಂದಕ್ಕೆ. ನಾನು ಏಳು ವರ್ಷದವಳಿದ್ದಾಗ ಅವರು ಕಲಿಸಿದ್ದೇ ಅದು. ಹಾಸಿಗೆಗಳು ಮಳೆಗಾಲದ ತಂಡಿಗೆ ಕಲ್ಲಿನ ಹಾಗೆ ಆಗಿದ್ದವು, ಮೊಣಕಾಲು ತರಚಿತು. ಆ ಉರಿಯಿಂದ ನನಗೆ ಖುಷಿಯೇ ಆಯಿತು, ತೋರಿಸಲಿಕ್ಕೆ ನಿಜವಾದ ಗಾಯ ಒಂದು ಸಿಕ್ಕಿತಲ್ಲ ಅಂತ. ಎರಡನೇ ವಾರದ ಕೊನೆಗೆ ಒಂದು ದಿನ ಹಾರಿ ಇಳಿದ ಮೇಲೆ ಗೊತ್ತಾಯಿತು, ಇಡೀ ಹೊತ್ತು ನನಗೆ ನೆಲ ಕಾಣುತ್ತಿತ್ತು.

"ಆ ಹಿಂದಕ್ಕೆ ಹೋಗುವ ವಾಲ್ಟ್ ನಾನು ಕಲಿಸಿದ್ದಲ್ಲ," ಅಂದರು ಟೀಚರು. "ನನಗೆ ಅದು ಬರುವುದೂ ಇಲ್ಲ. ಬೇಕಾ ಬೇಡ್ವಾ ಅಂತ ನೀನೇ ಹೇಳ್ಬೇಕು. ನನಗೋಸ್ಕರ ಹೇಳ್ಬೇಡ, ಪಪ್ಪನಿಗೋಸ್ಕರವೂ ಬೇಡ."

"ಬೇಡ ಟೀಚರ್."

"ಹಾಗಾದರೆ ಸರ್‌ಗೆ ಫೋನ್ ಮಾಡು. ಈಗಲೇ ಮಾಡು. ನಾನು ಇಲ್ಲೇ ಕೂತಿರ್ತೇನೆ."

ಸರ್ ಹಿಂದಿಯಲ್ಲಿ ಮಾತಾಡುವವರು, ಕಡಿಮೆ ಮಾತಾಡುವವರು. ನಡೆದದ್ದನ್ನೆಲ್ಲ, ಆ ವಾಲ್ಟ್ ಬೇಡ ಅನ್ನುವುದನ್ನೂ ಹೇಳಿ ಮುಗಿಸಿದೆ.

"ಆ ದಿನ ನಾನು ಚಪ್ಪಾಳೆ ತಟ್ಟಿದ್ದೆ," ಅಂದರು. "ನೀನು ಗೆರೆಯಲ್ಲಿ ನಿಂತದ್ದು ನೆನಪುಂಟು ನನಗೆ. ನಾನೇ ಸರಿಯಾಗಿ ಕೇಳಬೇಕಿತ್ತು." ಆಮೇಲೆ ಅವರ ಮಾಮೂಲಿ ದನಿ ಬಂತು. "ವಾಲ್ಟ್ ಬದಲಾಯಿಸಿದರೆ ಪಾಯಿಂಟ್ ಕಡಿಮೆ. ತಂಡದಲ್ಲಿ ಜಾಗ ಸಿಗದೆ ಇರಬಹುದು. ಇದು ಗೊತ್ತಿದ್ದೇ ಹೇಳುತ್ತಿದ್ದೀಯಾ?"

"ಗೊತ್ತು ಸರ್."

"ಸರಿ. ಬಾ. ಬ್ಯಾಂಡೇಜ್ ತರಬೇಡ."

ಹೊರಡುವ ಮೊದಲು ರಮ್ಲಾ ಮೇಡಂ ಹತ್ತಿರ ಹೋಗಿ ಕ್ಷಮೆ ಕೇಳಿದೆ. ಅವರಿಗೆ ಗೊತ್ತೇ ಇತ್ತು. "ನಾನೂ ಸೀದಾ ಕೇಳ್ಬಹುದಿತ್ತು," ಅಂದರು. "ಹೊಸಬಳು ನಾನು, ತಪ್ಪಾಗಿ ಹೇಳಿದರೆ ಅಂತ ಹೆದರಿಕೆ." ಇಬ್ಬರೂ ನಕ್ಕೆವು.

ಆಗಸ್ಟಿನ ಆಯ್ಕೆಯಲ್ಲಿ ಐವರ ತಂಡಕ್ಕೆ ನಾನು ಐದನೆಯವಳು. ವಾಲ್ಟಿನಲ್ಲಿ ಕಳೆದುಕೊಂಡದ್ದನ್ನು ಬೀಮ್ ತುಂಬಿಕೊಟ್ಟಿತು. ಪಟ್ಟಿ ಹಾಕಿದಾಗ ನಾನು ಕೆಳಗಿನಿಂದ ಮೇಲಕ್ಕೆ ಓದಿದ್ದರಿಂದ ನನ್ನ ಹೆಸರು ಮೊದಲೇ ಸಿಕ್ಕಿತು.

ಆಮೇಲೆ ಐದು ವರ್ಷ ದೇಶದೇಶ ಸುತ್ತಿದೆ. ಬೀಮಿನಲ್ಲಿ ಒಂದು ಕಂಚು ಬಂತು. ಆ ಹಿಂದಕ್ಕೆ ಹೋಗುವ ವಾಲ್ಟನ್ನು ಮತ್ತೆ ಒಮ್ಮೆಯೂ ಮಾಡಲಿಲ್ಲ. ಅದನ್ನು ಮಾಡಿದ್ದರೆ ಇನ್ನೇನೋ ಸಿಗುತ್ತಿತ್ತು ಅಂತ ಹೇಳುವವರು ಈಗಲೂ ಇದ್ದಾರೆ. ಇರಬಹುದು. ಹೋದ ವರ್ಷ ನಿಲ್ಲಿಸಿದೆ, ಎರಡೂ ಕಾಲು, ಕುತ್ತಿಗೆ, ಎಲ್ಲ ನೆಟ್ಟಗಿರುವಾಗಲೇ.

ಆದರೆ ಎಲ್ಲಕ್ಕಿಂತ ಹೆಚ್ಚು ನೆನಪಾಗುವುದು ತಾಷ್ಕೆಂಟೇ. ನಮ್ಮ ಊರಿನ ಬೆವರು, ತಂಡಿ ಎಂತದೂ ಇಲ್ಲದ ಒಣ ಗಾಳಿ, ತುಟಿ ಒಡೆಯುತ್ತಿತ್ತು. ವಾಲ್ಟಿಗೆ ಮೊದಲು ಗೆರೆಯ ಹತ್ತಿರ ನಿಂತಾಗ ಕಣ್ಣೆದುರು ಮತ್ತೆ ಅದೇ ಬಿಳಿ. ಸರ್ ಪಕ್ಕದಲ್ಲಿದ್ದರು.

"ಸರ್, ಭಯ ಆಗ್ತಿದೆ."

ಹೇಳಿದ್ದು ಅಷ್ಟೇ. ಸರ್ ನನ್ನ ಮಣಿಕಟ್ಟಿನ ಪಟ್ಟಿಯನ್ನು ಬಿಚ್ಚಿ ಮತ್ತೆ ಬಿಗಿಯಾಗಿ ಕಟ್ಟಿದರು. "ಮೇಜು ನೋಡುತ್ತಾ ಓಡು. ನೋಡುತ್ತಾ ಹೋಗಬಹುದಾದ ವಾಲ್ಟ್ ಅಲ್ಲವಾ ಇದು," ಅಂದರು. ಹಸಿರು ದೀಪ ಬಂತು. ಓಡಿದೆ. ಇಳಿಯುವಾಗ ಒಂದು ಹೆಜ್ಜೆ ಆಚೆ ಹೋಯಿತು, ಬೀಳಲಿಲ್ಲ.

ಸಂಜೆ ಮನೆಗೆ ಫೋನ್ ಮಾಡಿದೆ. ಅಲ್ಲಿ ಆಗಲೇ ದೀಪ ಹಚ್ಚಿ ಆಗಿತ್ತಂತೆ. ಯಾವಾಗಲೂ ಅಮ್ಮ ಫೋನ್ ಎತ್ತಿದ ಕೂಡಲೇ ಕೇಳುವುದು ಪಾಯಿಂಟ್ ಎಷ್ಟು ಅಂತ. ಆ ದಿನ ಅದನ್ನು ಕೇಳಲಿಲ್ಲ.

"ಭಯ ಆಯ್ತಾ?" ಅಂದಳು.

"ಆಯ್ತು."

"ಹೇಳಿದೆಯಾ?"

"ಹೇಳಿದೆ ಅಮ್ಮ."

ಅವಳು ಉಸಿರು ಬಿಟ್ಟದ್ದು ಅಷ್ಟು ದೂರಕ್ಕೂ ಕೇಳಿತು. ಆಮೇಲೆ, "ಹಾಂ, ಈಗ ಹೇಳು, ಪಾಯಿಂಟ್ ಎಷ್ಟು ಬಂತು? ಪಪ್ಪ ಇಲ್ಲಿ ಪೆನ್ನು ಹಿಡಿದು ಕೂತಿದ್ದಾರೆ," ಅಂದಳು.